ಕಿರುತೆರೆಯಲ್ಲಿ ಕಲಿತದ್ದು, ಕೊಡಗಿನ ಮಳೆಯಲ್ಲಿ ಚಿತ್ರಿಸಿದ್ದು

ಕೊಡಗಿನ ಮನೆಗಳಲ್ಲಿ ಮಕ್ಕಳ ಮುಂದಿನ ದಾರಿಯ ಮಾತು ಬಂದಾಗ ಸೇನೆ, ಕಾಫಿ ತೋಟ, ಹಾಕಿಯ ಬಲದಿಂದ ಸಿಗುವ ನೌಕರಿ, ಈಚೆಗೆ ಹೋಂಸ್ಟೇ ಅಥವಾ ಬೆಂಗಳೂರಿನ ಸಾಫ್ಟ್‌ವೇರ್ ಕೆಲಸ ಸಹಜವಾಗಿ ಕೇಳಿಬರುತ್ತವೆ. ಫೀಲ್ಡ್ ಮಾರ್ಷಲ್ ಕೆ.ಎಂ. ಕಾರ್ಯಪ್ಪ ಮತ್ತು ಜನರಲ್ ಕೆ.ಎಸ್. ತಿಮ್ಮಯ್ಯ ಅವರ ಜಿಲ್ಲೆ ಇದು. ಇಲ್ಲಿ ಹುಟ್ಟಿದ ಹುಡುಗಿಯೊಬ್ಬಳು ಸಿನಿಮಾ ನಿರ್ದೇಶನವನ್ನು ವೃತ್ತಿಯಾಗಿ ಆರಿಸಿಕೊಳ್ಳುತ್ತೇನೆ ಎಂದರೆ ಮನೆಯ ಹಿರಿಯರಿಗೆ ಅದನ್ನು ಒಪ್ಪಲು ಸಮಯ ಬೇಕಾಗುತ್ತದೆ. ಸಿನಿಮಾದವರು ನಮ್ಮಲ್ಲಿಗೆ ಬರುತ್ತಾರೆ, ಅಬ್ಬಿ ಜಲಪಾತದ ಬಳಿಯೋ ಮಾಂದಲಪಟ್ಟಿಯ ಗುಡ್ಡದ ಮೇಲೋ ಒಂದು ಹಾಡನ್ನು ಚಿತ್ರೀಕರಿಸಿಕೊಂಡು ಹೊರಟುಹೋಗುತ್ತಾರೆ ಎನ್ನುವುದು ಇಲ್ಲಿನವರ ಸಾಮಾನ್ಯ ಅನುಭವ. ಕೊಡವ ಭಾಷೆಯ ಮೊದಲ ಚಿತ್ರ ‘ನಾಡ ಮಣ್ಣೇ ನಾಡ ಕೂಳ್’ 1972ರಲ್ಲೇ ಬಂದಿತ್ತು. 1990ರ ‘ಮುತ್ತಿನ ಹಾರ’ದಲ್ಲಿ ಎಸ್.ವಿ. ರಾಜೇಂದ್ರಸಿಂಗ್ ಬಾಬು ಅವರು ಕೊಡಗಿನ ಯೋಧನನ್ನೇ ಕಥಾನಾಯಕನನ್ನಾಗಿ ಮಾಡಿದ್ದರು. ಆದರೂ ನಮ್ಮ ಜಿಲ್ಲೆ ಚಿತ್ರರಂಗದ ಪಾಲಿಗೆ ಬಹುಮಟ್ಟಿಗೆ ಹಿನ್ನೆಲೆಯ ಹಸಿರಾಗಿಯೇ ಉಳಿದಿತ್ತು.

ಸಿನಿಮಾ ಮತ್ತು ಧಾರಾವಾಹಿ ಎರಡರಲ್ಲೂ ದುಡಿದು, ಕೊನೆಗೆ ಇದೇ ನೆಲದಲ್ಲಿ ನನ್ನ ಮೊದಲ ಚಿತ್ರವನ್ನು ನಿರ್ದೇಶಿಸಿದ ಅನುಭವವನ್ನು ಬರೆದಿಡಬೇಕೆಂದು ಬಹಳ ದಿನಗಳಿಂದ ಅನಿಸುತ್ತಿತ್ತು. ವಿರಾಜಪೇಟೆ, ಸೋಮವಾರಪೇಟೆ, ಗೋಣಿಕೊಪ್ಪಲಿನ ಹುಡುಗ ಹುಡುಗಿಯರು ನನ್ನನ್ನು ಕೇಳುವ ಮೊದಲ ಪ್ರಶ್ನೆ, ಧಾರಾವಾಹಿಗೆ ಸೇರಿದರೆ ಮುಂದೆ ಸಿನಿಮಾ ಮಾಡಲು ಆಗುವುದಿಲ್ಲವೇ ಎಂಬುದು. ಧಾರಾವಾಹಿ ಮಾಡದೆ ಇದ್ದಿದ್ದರೆ ಕೊಡಗಿನ ಮಳೆಯಲ್ಲಿ ಒಂದು ಚಿತ್ರವನ್ನು ಮುಗಿಸಲು ನನ್ನಿಂದ ಸಾಧ್ಯವೇ ಆಗುತ್ತಿರಲಿಲ್ಲ ಎಂಬುದು ನನ್ನ ದೃಢವಾದ ಉತ್ತರ. ಅದು ಏಕೆ ಹಾಗೆ ಎಂಬುದನ್ನು ವಿವರವಾಗಿ ಹೇಳಬೇಕು.

ಕನ್ನಡದಲ್ಲಿ ನಿರ್ದೇಶಕರಾಗುವ ದಾರಿಗಳು ಹಿಂದಿನಿಂದಲೂ ಎರಡು. ಪುಟ್ಟಣ್ಣ ಕಣಗಾಲ್ ಅವರು ಬಿ.ಆರ್. ಪಂತುಲು ಅವರ ಬಳಿ ಸಹಾಯಕರಾಗಿ ದುಡಿದು ಬೆಳೆದವರು. ಗಿರೀಶ್ ಕಾಸರವಳ್ಳಿ ಅವರು ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿ ಓದಿ, 1977ರಲ್ಲಿ ‘ಘಟಶ್ರಾದ್ಧ’ದ ಮೂಲಕ ಮೊದಲ ಚಿತ್ರಕ್ಕೇ ರಾಷ್ಟ್ರದ ಗಮನ ಸೆಳೆದವರು. ಪುಣೆಗೆ ಹೋಗುವ ಅನುಕೂಲ ನಮ್ಮ ಮನೆಯಲ್ಲಿ ಇರಲಿಲ್ಲವಾದ್ದರಿಂದ ನಾನು ಮೊದಲನೆಯ ದಾರಿಯನ್ನು ಹಿಡಿದೆ. ಮಡಿಕೇರಿಯಲ್ಲಿ ಕಾಲೇಜು ಮುಗಿಸಿ ಬೆಂಗಳೂರಿಗೆ ಹೋದಾಗ ಚಿತ್ರಗಳನ್ನು ಇನ್ನೂ ನೆಗೆಟಿವ್‌ನಲ್ಲಿಯೇ ಚಿತ್ರೀಕರಿಸಲಾಗುತ್ತಿತ್ತು, ಮತ್ತು ತಂಡದ ಕೊನೆಯ ಸಹಾಯಕಿಯಾಗಿ ನನ್ನ ಕೈಗೆ ಸಿಕ್ಕಿದ್ದು ಕ್ಲಾಪ್ ಬೋರ್ಡು.

ಕ್ಲಾಪ್ ಹೊಡೆಯುವುದು ಕೆಳದರ್ಜೆಯ ಕೆಲಸವೆಂದು ಹೊರಗಿನವರು ಭಾವಿಸುತ್ತಾರೆ. ಆದರೆ ಇಡೀ ತಂಡದಲ್ಲಿ ಪ್ರತಿಯೊಂದು ಶಾಟಿನ ಆರಂಭದಲ್ಲಿಯೂ ಕ್ಯಾಮೆರಾದ ಮುಂದೆ ನಿಲ್ಲುವವರು ಕ್ಲಾಪ್ ಸಹಾಯಕರೊಬ್ಬರೇ. ದೃಶ್ಯದ ಸಂಖ್ಯೆ, ಶಾಟಿನ ಸಂಖ್ಯೆ, ಟೇಕಿನ ಸಂಖ್ಯೆಗಳನ್ನು ಬರೆದು, ಯಾವ ಟೇಕ್ ಓಕೆ, ಯಾವುದು ಎನ್‌ಜಿ (ಬೇಡವಾದದ್ದು) ಎಂಬುದನ್ನು ಪುಸ್ತಕದಲ್ಲಿ ದಾಖಲಿಸಿ, ಆ ಪಟ್ಟಿಯನ್ನು ಲ್ಯಾಬಿಗೂ ಸಂಕಲನಕಾರರಿಗೂ ತಲುಪಿಸಬೇಕಿತ್ತು. 35 ಎಂಎಂ ಫಿಲ್ಮಿನ 400 ಅಡಿಯ ಒಂದು ಸುರುಳಿ, ಸೆಕೆಂಡಿಗೆ 24 ಚೌಕಟ್ಟುಗಳ ವೇಗದಲ್ಲಿ, ನಾಲ್ಕೂವರೆ ನಿಮಿಷವೂ ಬಾಳುವುದಿಲ್ಲ. ಆದ್ದರಿಂದ ನಿರ್ದೇಶಕರು ಕ್ಯಾಮೆರಾ ಓಡಿಸುವ ಮೊದಲು ನಟರ ನಡಿಗೆ, ಮಾತಿನ ನಡುವಿನ ವಿರಾಮ, ತಿರುಗುವ ಕ್ಷಣ, ಲೋಟ ಎತ್ತುವ ಕೈ ಎಲ್ಲವನ್ನೂ ಮತ್ತೆ ಮತ್ತೆ ಅಭ್ಯಾಸ ಮಾಡಿಸುತ್ತಿದ್ದರು. ಬೋರ್ಡು ಹಿಡಿದು ಒಂದು ಮೂಲೆಯಲ್ಲಿ ಕಾಯುತ್ತಿದ್ದ ನನಗೆ, ಮೂರನೆಯ ಅಭ್ಯಾಸಕ್ಕೂ ಏಳನೆಯ ಅಭ್ಯಾಸಕ್ಕೂ ನಡುವೆ ದೃಶ್ಯ ಹೇಗೆ ಬದಲಾಗುತ್ತದೆ ಎಂಬುದನ್ನು ನೋಡುವ ಅವಕಾಶ ದಿನವೂ ದೊರೆಯುತ್ತಿತ್ತು. ಯಾವ ತರಗತಿಯಲ್ಲಿಯೂ ಅಷ್ಟು ಹತ್ತಿರದಿಂದ ಅದನ್ನು ಕಾಣಲು ಸಾಧ್ಯವಿರಲಿಲ್ಲವೆಂದು ನಾನು ಈಗಲೂ ನಂಬುತ್ತೇನೆ.

ಅನಂತರ ಕಂಟಿನ್ಯುಟಿ (ಒಂದು ಶಾಟಿಗೂ ಮುಂದಿನದಕ್ಕೂ ಉಡುಪು, ವಸ್ತು, ಚಲನೆ ಹೊಂದುವಂತೆ ನೋಡಿಕೊಳ್ಳುವುದು), ವೇಷಭೂಷಣ ಮತ್ತು ಪ್ರಾಪರ್ಟಿಯ (ದೃಶ್ಯದಲ್ಲಿ ಬಳಸುವ ವಸ್ತುಗಳ) ಪಟ್ಟಿ, ಕಲಾವಿದರ ಕಾಲ್‌ಶೀಟ್, ಅಂದರೆ ಅವರು ಚಿತ್ರೀಕರಣಕ್ಕೆ ಕೊಡುವ ದಿನಗಳನ್ನು ಹೊಂದಿಸುವುದು, ಡಬ್ಬಿಂಗಿನಲ್ಲಿ ತುಟಿಚಲನೆಗೆ ಮಾತು ಕೂರುವುದನ್ನು ನೋಡಿಕೊಳ್ಳುವುದು ಹೀಗೆ ಒಂದೊಂದೇ ಕೆಲಸ ಬಂದವು. ಇವುಗಳ ಬಗ್ಗೆ ಹೆಚ್ಚು ಹೇಳಬೇಕಾದ್ದಿಲ್ಲ; ತಾಳ್ಮೆ ಇರುವ ಯಾರೂ ಕಲಿಯಬಹುದಾದ ಕೆಲಸಗಳು ಇವು. ಸಂಕಲನದ ಕೋಣೆಯಲ್ಲಿ ಕುಳಿತ ಸಮಯ ಮಾತ್ರ ಬೇರೆಯದು. ಬಿಸಿಲಿನಲ್ಲಿ ಅರ್ಧ ದಿನ ಶ್ರಮಿಸಿ ತೆಗೆದ ಶಾಟನ್ನು ಸಂಕಲನಕಾರರು ಒಂದೇ ಮಾತಿಗೆ ಕಿತ್ತು ಬದಿಗಿಡುವಾಗ, ಶಾಟಿಗೆ ತನ್ನಷ್ಟಕ್ಕೇ ಬೆಲೆಯಿಲ್ಲ, ಅದರ ಹಿಂದೆ ಏನಿದೆ, ಮುಂದೆ ಏನು ಬರುತ್ತದೆ ಎಂಬುದರಿಂದಲೇ ಅದು ಉಳಿಯುತ್ತದೆ ಅಥವಾ ಹೋಗುತ್ತದೆ ಎಂಬುದು ನನಗೆ ಮನದಟ್ಟಾಯಿತು.

ನಾನು ಸಹಾಯಕಿಯಾಗಿದ್ದ ಚಿತ್ರವೊಂದು ಅರ್ಧಕ್ಕೆ ನಿಂತು, ನಿರ್ಮಾಣ ಸಂಸ್ಥೆಯಿಂದ ಬರಬೇಕಿದ್ದ ಸಂಭಾವನೆಯೂ ಬಾರದೆ ಹೋದಾಗ ಧಾರಾವಾಹಿಯ ಕರೆ ಬಂತು. ಸಿನಿಮಾದ ಕೆಲವು ಗೆಳೆಯರು ಅದನ್ನು ಸೋಲೆಂದು ಕಂಡರು. ಅವರ ಅಭಿಪ್ರಾಯವನ್ನು ನಾನು ಒಪ್ಪಲಿಲ್ಲ, ಏಕೆಂದರೆ ಕನ್ನಡದ ದೊಡ್ಡ ನಿರ್ದೇಶಕರು ಕಿರುತೆರೆಯನ್ನು ಎಂದೂ ಕಡೆಗಣಿಸಿರಲಿಲ್ಲ. ಶಂಕರ್ ನಾಗ್ ಅವರು ಆರ್.ಕೆ. ನಾರಾಯಣ್ ಅವರ ಕಥೆಗಳನ್ನು ದೂರದರ್ಶನಕ್ಕಾಗಿ ಆಗುಂಬೆಯಲ್ಲಿ ಚಿತ್ರೀಕರಿಸಿ, ಮಲೆನಾಡಿನ ಒಂದು ಸಣ್ಣ ಊರನ್ನು ಇಡೀ ದೇಶಕ್ಕೆ ಮಾಲ್ಗುಡಿಯೆಂದು ಕಾಣಿಸಿದರು. ಕಾಸರವಳ್ಳಿ ಅವರು ಭೈರಪ್ಪನವರ ‘ಗೃಹಭಂಗ’ವನ್ನು ಧಾರಾವಾಹಿಯಾಗಿ ತಂದರು. ಟಿ.ಎನ್. ಸೀತಾರಾಮ್ ಅವರ ‘ಮಾಯಾಮೃಗ’ದ ಸಮಯಕ್ಕೆ ನಮ್ಮ ಊರಿನಲ್ಲಿ ಟಿ.ವಿ. ಇದ್ದ ಮನೆಗೆ ಅಕ್ಕಪಕ್ಕದ ತೋಟಗಳಿಂದ ಜನ ಬಂದು ಕೂರುತ್ತಿದ್ದುದು ನನಗೆ ಚೆನ್ನಾಗಿ ನೆನಪಿದೆ.

ಧಾರಾವಾಹಿಯಲ್ಲಿ ಎರಡು ಬಗೆಯ ನಿರ್ದೇಶಕರಿರುತ್ತಾರೆ. ಕಥೆಯ ಒಟ್ಟು ನಡೆಯನ್ನೂ ವಾಹಿನಿಯೊಂದಿಗಿನ ಮಾತುಕತೆಯನ್ನೂ ನೋಡಿಕೊಳ್ಳುವವರು ಪ್ರಧಾನ ನಿರ್ದೇಶಕರು. ದಿನವೂ ಸೆಟ್ಟಿನಲ್ಲಿ ನಿಂತು ದೃಶ್ಯಗಳನ್ನು ತೆಗೆಯುವವರು ಸಂಚಿಕೆ ನಿರ್ದೇಶಕರು. ನಾನು ಸಂಚಿಕೆ ನಿರ್ದೇಶಕಿಯಾಗಿ ಸೇರಿದೆ. ಅರ್ಧ ಗಂಟೆಯ ಸಮಯದಲ್ಲಿ ಜಾಹೀರಾತು ಕಳೆದು ಉಳಿಯುವ ಕಥೆ ಸುಮಾರು 22 ನಿಮಿಷ. ವಾರಕ್ಕೆ ಐದು ಅಥವಾ ಆರು ಸಂಚಿಕೆಗಳು ಪ್ರಸಾರವಾಗುವುದರಿಂದ ಹೆಚ್ಚುಕಡಿಮೆ ದಿನಕ್ಕೊಂದು ಸಂಚಿಕೆಯ ಚಿತ್ರೀಕರಣ ಮುಗಿಯಬೇಕು, ಜೊತೆಗೆ ಮುಂದಿನ ಕೆಲವು ಸಂಚಿಕೆಗಳು ಸದಾ ಸಿದ್ಧವಿರಬೇಕು. ಹಾಗೆ ಕೂಡಿಟ್ಟದ್ದನ್ನು ಬ್ಯಾಂಕಿಂಗ್ ಎನ್ನುತ್ತಾರೆ. ಕಲಾವಿದರೊಬ್ಬರಿಗೆ ಜ್ವರ ಬಂದರೆ, ಮನೆಯಲ್ಲಿ ಸಾವಾದರೆ, ಸಂಭಾಷಣೆ ತಡವಾದರೆ ಬ್ಯಾಂಕಿಂಗ್ ಕರಗುತ್ತದೆ. ಅದು ಕರಗಿದ ವಾರ ತಂಡಕ್ಕೆ ಎಂಥ ಒತ್ತಡ ಇರುತ್ತದೆ ಎಂಬುದು ಅನುಭವಿಸಿದವರಿಗೇ ಗೊತ್ತು.

ಈ ವೇಗದಲ್ಲಿ ನಾನು ಕಲಿತ ಅತ್ಯಂತ ಮುಖ್ಯ ವಿಷಯ ಶಾಟುಗಳ ಕ್ರಮ. ದೊಡ್ಡ ಮನೆಯ ಹಜಾರದಲ್ಲಿ ಎಂಟು ಮಂದಿ ನಿಂತು ಜಗಳವಾಡುವ ದೃಶ್ಯವನ್ನು ಊಹಿಸಿಕೊಳ್ಳಿ. ಸೊಸೆ ಬಾಗಿಲ ಬಳಿ, ಅತ್ತೆ ಮೆಟ್ಟಿಲ ಬಳಿ, ಉಳಿದವರು ಸೋಫಾದ ಸುತ್ತ. ಇಬ್ಬರು ಮಾತನಾಡುವಾಗ ಅವರ ನಡುವಿನ ರೇಖೆಯ ಒಂದೇ ಬದಿಯಲ್ಲಿ ಕ್ಯಾಮೆರಾ ಇರಬೇಕು, ಇಲ್ಲವಾದರೆ ತೆರೆಯ ಮೇಲೆ ಇಬ್ಬರೂ ಒಂದೇ ದಿಕ್ಕಿಗೆ ನೋಡುತ್ತಿರುವಂತೆ ಕಾಣುತ್ತದೆ. ಎಂಟು ಮಂದಿ ಇದ್ದಾಗ ಈ ರೇಖೆ ಪ್ರತಿ ಮಾತಿಗೂ ಬದಲಾಗುತ್ತದೆ. ಯಾರಿಗೆ ಲೆಫ್ಟ್ ಲುಕ್, ಯಾರಿಗೆ ರೈಟ್ ಲುಕ್ ಎಂಬುದನ್ನು ನಿರ್ದೇಶಕರು ತಲೆಯಲ್ಲಿ ಹಿಡಿದಿರಬೇಕು. ಇದರ ಮೇಲೆ ಬೆಳಕಿನ ಲೆಕ್ಕವಿದೆ. ಕಥೆಯ ಕ್ರಮದಲ್ಲಿಯೇ ತೆಗೆಯುತ್ತ ಹೋದರೆ ಪ್ರತಿ ಶಾಟಿಗೂ ಲೈಟುಗಳನ್ನು ತಿರುಗಿಸಬೇಕಾಗುತ್ತದೆ, ಮಧ್ಯಾಹ್ನದ ಊಟದ ಹೊತ್ತಿಗೆ ಒಂದು ದೃಶ್ಯವೂ ಮುಗಿಯುವುದಿಲ್ಲ. ಆದ್ದರಿಂದ ಮೊದಲು ಇಡೀ ದೃಶ್ಯವನ್ನು ಒಟ್ಟಾಗಿ ಹಿಡಿಯುವ ಮಾಸ್ಟರ್ ಶಾಟ್ ತೆಗೆದು, ಅನಂತರ ಕಿಟಕಿಯ ದಿಕ್ಕಿಗೆ ನೋಡುವ ಎಲ್ಲ ಕ್ಲೋಸ್ (ಮುಖ ಹತ್ತಿರದಿಂದ ಕಾಣುವ) ಮತ್ತು ಸಜೆಷನ್ (ಒಬ್ಬರ ಭುಜದ ಮೇಲಿಂದ ಇನ್ನೊಬ್ಬರನ್ನು ತೋರಿಸುವ) ಶಾಟುಗಳನ್ನು ಒಟ್ಟಿಗೆ ಮುಗಿಸಿ, ಲೈಟುಗಳನ್ನು ಒಮ್ಮೆಗೇ ತಿರುಗಿಸಿ, ಬಾಗಿಲ ದಿಕ್ಕಿನವನ್ನು ಆಮೇಲೆ ತೆಗೆಯುತ್ತಾರೆ. ಹೀಗೆ ತೆಗೆಯುವಾಗ ನಟಿ ದೃಶ್ಯದ ಕೊನೆಯ ಅಳುವನ್ನು ಮೊದಲು ಅತ್ತು, ನಡುವಿನ ಕೋಪವನ್ನು ಆಮೇಲೆ ತೋರಬೇಕಾಗಬಹುದು. ಆಕೆಯನ್ನು ಅಲ್ಲಿಗೆ ಕರೆದೊಯ್ಯುವುದು, ಹಿಂದಿನ ಮಾತಿನ ಧ್ವನಿ ಎಷ್ಟು ಏರಿತ್ತೆಂದು ನೆನಪಿಸುವುದು, ಎದುರಿನ ಪಾತ್ರದ ಮಾತನ್ನು ಬರಿದೆ ಓದದೆ ಭಾವ ತುಂಬಿ ಹೇಳಿಕೊಡುವುದು ನಿರ್ದೇಶಕರ ಕೆಲಸ. ವರ್ಷಗಟ್ಟಲೆ ದಿನವೂ ಇದನ್ನು ಮಾಡಿದವರಿಗೆ, ಕಾಗದ ನೋಡಿದ ಕೂಡಲೇ ದೃಶ್ಯ ತುಂಡುತುಂಡಾಗಿ ಕಣ್ಣಮುಂದೆ ಬರುತ್ತದೆ. ಸಿನಿಮಾದಲ್ಲಿ ಎರಡು ಮೂರು ವರ್ಷಗಳಿಗೊಮ್ಮೆ ಸಿಗುವ ಈ ಅಭ್ಯಾಸವನ್ನು ಧಾರಾವಾಹಿ ಪ್ರತಿ ಬೆಳಿಗ್ಗೆ ಕೊಡುತ್ತದೆ.

ಟಿ.ಆರ್.ಪಿ.ಯ ಬಗ್ಗೆಯೂ ಪ್ರಾಮಾಣಿಕವಾಗಿ ಹೇಳಬೇಕು. ವಾರಕ್ಕೊಮ್ಮೆ ಬರುವ ಆ ಅಂಕಿ ಇಳಿದರೆ ಕಥೆಯ ದಿಕ್ಕು ಬದಲಾಗುತ್ತದೆ, ನಿಧಾನವಾಗಿ ಬೆಳೆಯುತ್ತಿದ್ದ ಪಾತ್ರ ಒಂದೇ ವಾರದಲ್ಲಿ ಖಳನಾಗುತ್ತದೆ ಅಥವಾ ಊರು ಬಿಟ್ಟು ಹೋಗುತ್ತದೆ. ನಾನು ಅದನ್ನು ಒಳ್ಳೆಯದೆಂದು ಸಮರ್ಥಿಸುವುದಿಲ್ಲ. ಪಾತ್ರಗಳ ಮೇಲೆ ಪ್ರೀತಿಯಿಟ್ಟು ನಿರ್ದೇಶಿಸುವವರಿಗೆ ಅದು ನಿಜವಾಗಿಯೂ ನೋವು ಕೊಡುವ ಸಂಗತಿ, ಮತ್ತು ಎಷ್ಟು ವರ್ಷವಾದರೂ ಅದು ನನಗೆ ರೂಢಿಯಾಗಿಲ್ಲ.

2018ರ ಆಗಸ್ಟ್ ತಿಂಗಳಲ್ಲಿ ಕೊಡಗಿನ ಗುಡ್ಡಗಳು ಕುಸಿದಾಗ ನಾನು ಪ್ರಧಾನ ನಿರ್ದೇಶಕಿಯಾಗಿ ಒಂದು ಧಾರಾವಾಹಿಯ ನಡುವೆ ಇದ್ದೆ. ಜೋಡುಪಾಲ, ಮಕ್ಕಂದೂರು, ಮುಕ್ಕೋಡ್ಲು, ಕಾಲೂರು ಎಂಬ ಹೆಸರುಗಳನ್ನು ಸುದ್ದಿವಾಹಿನಿಗಳಲ್ಲಿ ಕೇಳುತ್ತ ಬೆಂಗಳೂರಿನ ಸೆಟ್ಟಿನಲ್ಲಿ ನಿಲ್ಲಲು ಆಗದೆ, ಕೆಲಸವನ್ನು ಸಹನಿರ್ದೇಶಕರಿಗೆ ಒಪ್ಪಿಸಿ ಊರಿಗೆ ಬಂದೆ. ಪರಿಹಾರ ಕೇಂದ್ರಗಳಲ್ಲಿ ಕ್ಯಾಮೆರಾ ಹಿಡಿದವರು ಆಗಲೇ ಬಹಳ ಮಂದಿ ಇದ್ದರು. ಮನೆ ಕಳೆದುಕೊಂಡವರನ್ನು ಮತ್ತೆ ಅದೇ ಮಣ್ಣಿನ ರಾಶಿಯ ಮುಂದೆ ನಿಲ್ಲಿಸಿ ಮಾತನಾಡಿಸುವುದನ್ನು ನೋಡಿ, ನಾನು ಆ ಮಳೆಗಾಲದಲ್ಲಿ ಏನನ್ನೂ ಚಿತ್ರೀಕರಿಸದೆ ಕೇವಲ ಕೇಳಿಸಿಕೊಂಡೆ. ಮುಂದೆ ಅವರಲ್ಲಿ ಕೆಲವರು ಸರ್ಕಾರ ಕಟ್ಟಿಸಿಕೊಟ್ಟ ಹೊಸ ಮನೆಗಳಿಗೆ ಹೋದ ಮೇಲೆ, ಅವರೇ ಒಪ್ಪಿದಾಗ, ಸಣ್ಣ ಸಾಕ್ಷ್ಯಚಿತ್ರವೊಂದನ್ನು ಮಾಡಿದೆ. ಇಳಿಜಾರಿನ ತೋಟದಲ್ಲಿ ಒಂಟಿ ಮನೆ ಮಾಡಿಕೊಂಡು ಬಾಳಿದವರು ಸಾಲುಮನೆಗಳ ನಡುವೆ ಹೇಗೆ ಬದುಕುತ್ತಾರೆ, ಮೆಣಸಿನ ಬಳ್ಳಿ ಹಬ್ಬಿಸಲು ಮರವಿಲ್ಲದ ಅಂಗಳದಲ್ಲಿ ಒಬ್ಬ ಹಿರಿಯರು ಬೆಳಗಿನ ಹೊತ್ತನ್ನು ಹೇಗೆ ಕಳೆಯುತ್ತಾರೆ ಎಂಬುದು ಅದರ ವಸ್ತು. ನನ್ನ ಮೊದಲ ಚಲನಚಿತ್ರದ ಕಥೆ ಆ ಅಂಗಳದಲ್ಲಿಯೇ ಹುಟ್ಟಿತು.

ಚಿತ್ರಕಥೆ ಬರೆದು, ನಿರ್ಮಾಪಕರನ್ನು ಹುಡುಕಿ, ಚಲನಚಿತ್ರ ವಾಣಿಜ್ಯ ಮಂಡಳಿಯಲ್ಲಿ ಶೀರ್ಷಿಕೆ ನೋಂದಾಯಿಸುವವರೆಗಿನ ಕೆಲಸ ದೀರ್ಘವಾದರೂ ಎಲ್ಲರಿಗೂ ಒಂದೇ ಬಗೆಯದು. ಕೊಡಗಿಗೇ ವಿಶೇಷವಾದದ್ದು ಋತುಗಳ ಲೆಕ್ಕ. ನನ್ನ ಕಥೆಗೆ ಎರಡು ದೃಶ್ಯಗಳು ಪ್ರಾಣದಂತಿದ್ದವು, ಎರಡಕ್ಕೂ ಪ್ರಕೃತಿಯೇ ದಿನಾಂಕ ಕೊಡಬೇಕಿತ್ತು.

ಮೊದಲನೆಯದು ಕಾಫಿ ಹೂವಿನ ದೃಶ್ಯ. ಬೇಸಿಗೆಯ ಆರಂಭದಲ್ಲಿ ಹೂಮಳೆ ಬಿದ್ದ ಮೇಲೆ ಸುಮಾರು ಒಂದು ವಾರದಿಂದ ಹತ್ತು ದಿನದೊಳಗೆ ಗಿಡಗಳೆಲ್ಲ ಒಟ್ಟಿಗೇ ಅರಳುತ್ತವೆ, ಎರಡು ಮೂರು ದಿನಗಳಲ್ಲಿ ಬಿಳುಪು ಕಂದಿಹೋಗುತ್ತದೆ. ಆ ಮಳೆಯನ್ನು ನಂಬಿ ಬೆಂಗಳೂರಿನ ಕಲಾವಿದರ ಕಾಲ್‌ಶೀಟ್ ಪಡೆಯಲು ಸಾಧ್ಯವಿಲ್ಲ. ಆದರೆ ರೊಬಸ್ಟಾ ತೋಟಗಳಲ್ಲಿ ಮಳೆಗೆ ಕಾಯದೆ ಸ್ಪ್ರಿಂಕ್ಲರ್‌ನಲ್ಲಿ ನೀರು ಕೊಡುವ ರೂಢಿ ಇರುವುದರಿಂದ, ಅಮ್ಮತ್ತಿಯ ಕಡೆಯ ತೋಟದ ಮಾಲೀಕರೊಬ್ಬರನ್ನು ಕೇಳಿ, ಅವರು ನೀರು ಹಾಯಿಸುವ ದಿನದಿಂದ ಎಣಿಸಿ ಚಿತ್ರೀಕರಣದ ದಿನವನ್ನು ಗೊತ್ತುಮಾಡಿದೆವು. ಅವರು ಬ್ಲಾಕುಗಳಿಗೆ ಒಂದೊಂದಾಗಿ ನೀರು ಕೊಡುತ್ತಿದ್ದುದರಿಂದ ಒಂದು ಬ್ಲಾಕಿನ ಹೂ ಕಂದುವಾಗ ಪಕ್ಕದ ಬ್ಲಾಕು ಅರಳುತ್ತಿತ್ತು. ಇದನ್ನು ತಿಳಿಸಿಕೊಟ್ಟವರು ತೋಟದ ಮೇಸ್ತ್ರಿ. ಅರಳಿದ ಬೆಳಿಗ್ಗೆ ಇಡೀ ತೋಟ ಜೇನುನೊಣಗಳ ಸದ್ದಿನಿಂದ ತುಂಬಿರುತ್ತದೆ. ಸ್ಥಳದಲ್ಲಿಯೇ ಧ್ವನಿಮುದ್ರಣ ಮಾಡುತ್ತಿದ್ದ ನಾವು ಮಾತಿಲ್ಲದ ಆ ದೃಶ್ಯಕ್ಕೆ ಸಂಗೀತ ಸೇರಿಸುವ ಯೋಚನೆಯನ್ನು ಅಲ್ಲಿಯೇ ಕೈಬಿಟ್ಟೆವು. ಸಿಲ್ವರ್ ಓಕ್ ಮರಗಳ ನೆರಳಿನಲ್ಲಿ ಬೆಳಕಿನ ಸಮಸ್ಯೆಯೂ ಇತ್ತು: ಎಲೆಗಳ ಸಂದಿನಿಂದ ಕಾಣುವ ಆಕಾಶ ತೀರ ಬೆಳ್ಳಗಾಗಿ, ನಟನ ಮುಖ ಕಪ್ಪಾಗುತ್ತಿತ್ತು. ಬಿಸಿಲು ಏರುವ ಮೊದಲಿನ ಮೃದು ಬೆಳಕು ಮಾತ್ರ ಸರಿಹೊಂದುತ್ತದೆ ಎಂದು ಛಾಯಾಗ್ರಾಹಕರು ಹೇಳಿದಾಗ, ಅಷ್ಟು ಸಣ್ಣ ಅವಧಿಯಲ್ಲಿ ಯಾವ ಶಾಟ್ ಮೊದಲು, ಯಾವುದು ಆಮೇಲೆ ಎಂಬುದನ್ನು ತಡವರಿಸದೆ ಹೇಳಲು ನನಗೆ ಧೈರ್ಯ ಕೊಟ್ಟದ್ದು ಧಾರಾವಾಹಿಯ ಹಜಾರ.

ಎರಡನೆಯದು, ಕೊಡವರ ಮಳೆಗಾಲದ ತಿಂಗಳಾದ ಕಕ್ಕಡದ ಹದಿನೆಂಟನೆಯ ದಿನದ ಅಡುಗೆಮನೆ. ಆಗಸ್ಟ್ 3ರ ಸುಮಾರಿಗೆ ಬರುವ ಆ ದಿನ ಮದ್ದುಸೊಪ್ಪಿನಲ್ಲಿ ಔಷಧದ ಗುಣ ತುಂಬಿರುತ್ತದೆಂಬ ನಂಬಿಕೆಯಿಂದ ನಮ್ಮ ಮನೆಗಳಲ್ಲಿ ಅದರ ರಸ ತೆಗೆದು ಪಾಯಸ ಮಾಡುತ್ತಾರೆ. ಸೊಪ್ಪು ಕುದಿದಂತೆ ನೀರು ಕಡುನೇರಳೆಯಾಗುತ್ತದೆ. ಬೇರೆ ಸೊಪ್ಪಿಗೆ ಬಣ್ಣ ಬೆರೆಸಿ ಯಾವಾಗ ಬೇಕಾದರೂ ತೆಗೆಯಬಹುದೆಂದು ಪ್ರೊಡಕ್ಷನ್ ಕಡೆಯವರು ಸೂಚಿಸಿದರು. ಈ ಪಾಯಸವನ್ನು ತಿಂದು ಬೆಳೆದವರು ತೆರೆಯ ಮೇಲೆ ಅದನ್ನು ಗುರುತಿಸದೆ ಇರುವುದಿಲ್ಲವೆಂದು ನಾನು ಆ ದಿನವನ್ನೇ ಹಿಡಿದು ಕೂತೆ. ಒಲೆಯ ಹಳದಿ ಬೆಳಕಿನಲ್ಲಿ ನೇರಳೆ ಬಣ್ಣ ಕಪ್ಪಾಗಿ ಕಾಣುತ್ತಿತ್ತಾದ್ದರಿಂದ ಪಾತ್ರೆಯನ್ನು ಕಿಟಕಿಯ ಬಳಿಗೆ ತಂದು, ಹೊರಗಿನ ಮೋಡದ ಬೆಳಕಿನಲ್ಲಿ ಬಡಿಸುವಂತೆ ದೃಶ್ಯವನ್ನು ಬದಲಿಸಿದೆ. ಅಜ್ಜಿಯ ಪಾತ್ರ ವಹಿಸಿದ ಹಿರಿಯರು ಊರಿನ ನಾಟಕಗಳಲ್ಲಿ ಅಭಿನಯಿಸಿದವರೇ ಹೊರತು ಕ್ಯಾಮೆರಾ ಕಂಡವರಲ್ಲ. ಅವರಿಗೆ ಸಂಭಾಷಣೆಯ ಕಾಗದ ಕೊಡಲಿಲ್ಲ. ಪಾಯಸ ಮಾಡುತ್ತ ಮೊಮ್ಮಗನಿಗೆ ಏನು ಹೇಳುವಿರೋ ಅದನ್ನೇ ಹೇಳಿ ಎಂದೆ. ಅವರಾಡಿದ ಮಾತುಗಳಲ್ಲಿ ಒಂದನ್ನೂ ಸಂಕಲನದಲ್ಲಿ ತೆಗೆಯಬೇಕಾಗಲಿಲ್ಲ.

ಮಳೆಯ ವಿಷಯದಲ್ಲಿ ಹೊರಗಿನವರಿಗೆ ಆಶ್ಚರ್ಯವಾಗುವ ಸಂಗತಿಯೊಂದಿದೆ. ಆಷಾಢದ ಕೊಡಗಿನಲ್ಲಿ, ಛತ್ರಿ ಹಿಡಿದವರೂ ತೊಯ್ದು ಹೋಗುವ ಮಳೆ ಸುರಿಯುತ್ತಿದ್ದರೂ, ಕ್ಯಾಮೆರಾಕ್ಕೆ ಅದು ಸರಿಯಾಗಿ ಕಾಣುವುದಿಲ್ಲ. ಹನಿಗಳ ಹಿಂದಿನಿಂದ ಬೆಳಕು ಬಂದು, ಅವುಗಳ ಹಿನ್ನೆಲೆ ಗಾಢವಾಗಿದ್ದಾಗ ಮಾತ್ರ ಮಳೆ ತೆರೆಯ ಮೇಲೆ ಮೂಡುತ್ತದೆ. ಬೂದು ಆಕಾಶದ ಎದುರು ಎಷ್ಟೇ ಸುರಿದರೂ ಚಿತ್ರದಲ್ಲಿ ನಟರು ಸುಮ್ಮನೆ ಒದ್ದೆಯಾಗಿ ನಿಂತಂತೆ ಕಾಣುತ್ತಾರೆ. ಹಾಗಾಗಿ ಹೆಂಚಿನ ಮನೆಯ ಮುಂದಿನ ದೃಶ್ಯಗಳಲ್ಲಿ ಕ್ಯಾಮೆರಾವನ್ನು ಕಪ್ಪು ಮರಗಳ ದಿಕ್ಕಿಗೆ ತಿರುಗಿಸಿ, ಹನಿಗಳ ಹಿಂದೆ ಲೈಟಿಟ್ಟು ತೆಗೆದೆವು. ಮಂಜು ಇದಕ್ಕಿಂತ ಕಷ್ಟ. ಮಾಸ್ಟರ್ ಶಾಟಿನಲ್ಲಿ ಗುಡ್ಡ ಸ್ಪಷ್ಟವಾಗಿದ್ದು ಕ್ಲೋಸ್ ತೆಗೆಯುವ ಹೊತ್ತಿಗೆ ಮಂಜು ಕವಿದರೆ ಎರಡೂ ಕೂಡುವುದಿಲ್ಲ. ಇದಕ್ಕಾಗಿ ಹೊರಾಂಗಣದ ಮುಖ್ಯ ದೃಶ್ಯಗಳಿಗೆ ನಾನು ಎರಡು ಶಾಟ್ ಪಟ್ಟಿಗಳನ್ನು ಬರೆದಿಟ್ಟುಕೊಂಡಿದ್ದೆ, ಮಂಜಿದ್ದರೆ ಒಂದು, ಇಲ್ಲದಿದ್ದರೆ ಇನ್ನೊಂದು. ಎರಡೂ ಆಗದ ಹೊತ್ತಿನಲ್ಲಿ ತಂಡವನ್ನು ಖಾಲಿ ಕೂರಿಸದೆ ಒಳಗಿನ ದೃಶ್ಯವೊಂದನ್ನು ಎತ್ತಿಕೊಳ್ಳಲು ಕಲಾವಿದರು, ಉಡುಪು, ಪ್ರಾಪರ್ಟಿ ಎಲ್ಲವೂ ಸಿದ್ಧವಿರುತ್ತಿದ್ದವು. ಜಿಗಣೆಗಳಿಗೆ ಹೆದರುತ್ತಿದ್ದ ಬೆಂಗಳೂರಿನ ಲೈಟ್ ಬಾಯ್‌ಗಳು ಸುಣ್ಣ ಮತ್ತು ಹೊಗೆಸೊಪ್ಪಿನ ಪುಡಿಯ ಉಪಯೋಗವನ್ನು ತೋಟದ ಕಾರ್ಮಿಕರಿಂದ ಬಹಳ ಬೇಗ ಕಲಿತರು. ಆ ಕಾರ್ಮಿಕರ ನೆರವಿಲ್ಲದೆ ಜನರೇಟರ್ ಹೊತ್ತ ವಾಹನ ಆ ಕೆಸರಿನ ದಾರಿಯಲ್ಲಿ ಮೇಲೇರುತ್ತಲೇ ಇರಲಿಲ್ಲ.

ಚಿತ್ರೀಕರಣದ ನಂತರದ ಹಂತಗಳನ್ನು ಹೊಸಬರು ಹಗುರವಾಗಿ ಎಣಿಸುವುದನ್ನು ಕಂಡಿದ್ದೇನೆ. ನಮ್ಮ ಚಿತ್ರದಲ್ಲಿ ಹಸು ಮತ್ತು ನಾಯಿ ಇದ್ದುದರಿಂದ ಭಾರತೀಯ ಪ್ರಾಣಿ ಕಲ್ಯಾಣ ಮಂಡಳಿಗೆ ಚಿತ್ರೀಕರಣಕ್ಕೂ ಮೊದಲೇ ಅರ್ಜಿ ಹಾಕಬೇಕಿತ್ತು. ಅದಿಲ್ಲದೆ ಮುಂದೆ ಸೆನ್ಸಾರ್ ಪ್ರಮಾಣಪತ್ರ ಸಿಗುವುದು ಕಷ್ಟ. 1952ರ ಸಿನಿಮಾಟೋಗ್ರಾಫ್ ಕಾಯ್ದೆಯ ಪ್ರಕಾರ ಸಾರ್ವಜನಿಕ ಪ್ರದರ್ಶನಕ್ಕೆ ಆ ಪ್ರಮಾಣಪತ್ರ ಕಡ್ಡಾಯ. ಬೆಂಗಳೂರಿನ ಪ್ರಾದೇಶಿಕ ಕಚೇರಿಯ ಪರಿಶೀಲನಾ ಸಮಿತಿ ಚಿತ್ರವನ್ನು ನೋಡಿ ಮುಗಿಸುವವರೆಗೆ ಹೊರಗೆ ಕಾದು ಕುಳಿತು, ಒಂದು ಕಡಿತವೂ ಇಲ್ಲದೆ, ಎಲ್ಲ ವಯಸ್ಸಿನವರೂ ನೋಡಬಹುದೆಂಬ ಯು ಪ್ರಮಾಣಪತ್ರ ದೊರೆತಾಗ ನನಗಾದ ಸಂತೋಷವನ್ನು ಮರೆಮಾಚಲಾರೆ. ಬಿಡುಗಡೆಯಾದ ಮೇಲೆ ಚಿತ್ರಮಂದಿರಗಳಲ್ಲಿ ಅದು ಬಹಳ ಕಾಲ ಉಳಿಯಲಿಲ್ಲ. ದೊಡ್ಡ ಚಿತ್ರಗಳ ನಡುವೆ ಬೆಳಗಿನ ಒಂದೇ ಪ್ರದರ್ಶನ ದೊರೆತರೆ ಇಂಥ ಚಿತ್ರಕ್ಕೆ ಜನ ಸೇರುವುದರೊಳಗೆ ವಾರ ಮುಗಿಯುತ್ತದೆ, ಮತ್ತು ಈ ವ್ಯವಸ್ಥೆ ಬದಲಾಗಬೇಕೆಂಬುದು ನನ್ನ ಗಟ್ಟಿಯಾದ ಅಭಿಪ್ರಾಯ. ನಮ್ಮ ಊರಿನ ಅನೇಕರು ಜೀಪು ಮಾಡಿಕೊಂಡು ಮೈಸೂರಿಗೆ ಹೋಗಿ ನೋಡಿ ಬಂದರು. ಅವರಲ್ಲಿ ಹೆಚ್ಚಿನವರು ನನ್ನನ್ನು ಕೇಳಿದ್ದು ಕಥೆಯ ಬಗ್ಗೆ ಅಲ್ಲ, ಅಷ್ಟು ಕಡಿಮೆ ದಿನಗಳಲ್ಲಿ ಆ ಹೂವು, ಆ ಮಳೆ ಎರಡನ್ನೂ ಹೇಗೆ ಹಿಡಿದಿರಿ ಎಂದು.

ಈಗ ನಾನು ಮತ್ತೆ ಧಾರಾವಾಹಿಯೊಂದರ ಪ್ರಧಾನ ನಿರ್ದೇಶಕಿಯಾಗಿದ್ದೇನೆ, ಬಿಡುವಿದ್ದಾಗ ಎರಡನೆಯ ಚಿತ್ರದ ಬರವಣಿಗೆ ನಡೆಯುತ್ತಿದೆ. ತಂಡದ ಸಹಾಯಕರಲ್ಲಿ ಪೊನ್ನಂಪೇಟೆಯ ಹುಡುಗಿಯೊಬ್ಬಳಿದ್ದಾಳೆ. ಸೇರಿದ ವಾರವೇ ಆಕೆಯ ಕೈಗೆ ಆರು ಪಾತ್ರಗಳಿರುವ ಒಂದು ಊಟದ ಮನೆಯ ದೃಶ್ಯವನ್ನು ಕೊಟ್ಟು, ಕಿಟಕಿ ಎಲ್ಲಿದೆ, ಯಾರು ಎಲ್ಲಿ ಕುಳಿತಿದ್ದಾರೆ ಎಂದು ತಿಳಿಸಿ, ಶಾಟುಗಳ ಕ್ರಮವನ್ನು ಬರೆದು ತರಲು ಹೇಳಿದೆ. ಲೈಟುಗಳನ್ನು ಒಂದೇ ಬಾರಿ ತಿರುಗಿಸಿದರೆ ಸಾಕಾಗುವಂತೆ ಆಕೆ ಬರೆದು ತಂದಿದ್ದಳು. ಮರುದಿನ ಆ ದೃಶ್ಯವನ್ನು ಅವಳ ಪಟ್ಟಿಯಂತೆಯೇ ತೆಗೆದೆವು.